ಕಂಠೀರವನ ಕಂಠ

ಏಪ್ರಿಲ್ ತಿಂಗಳ ಬಿಸಿಲಿನಲ್ಲೂ ಮಹಾಲಿಂಗಯ್ಯನವರ ಕುತ್ತಿಗೆಯಲ್ಲಿ ಉಣ್ಣೆಯ ಮಫ್ಲರ್ ಇರುತ್ತಿತ್ತು. ಕಡುಗೆಂಪು ಬಣ್ಣದ್ದು, ಬಿಗಿಯಾಗಿ ಎರಡು ಸುತ್ತು. ತುಮಕೂರಿನ ಬಸ್‌ಸ್ಟ್ಯಾಂಡಿನಲ್ಲಿ ಜನರೆಲ್ಲ ಕರ್ಚೀಫಿನಿಂದ ಬೆವರು ಒರೆಸಿಕೊಳ್ಳುತ್ತಿದ್ದರೆ ಇವರು ದವಡೆಯಲ್ಲಿ ಜ್ಯೇಷ್ಠಮಧುವಿನ ಕಡ್ಡಿ ಇಟ್ಟುಕೊಂಡು, ಮಫ್ಲರ್ ಸರಿ ಮಾಡಿಕೊಳ್ಳುತ್ತ ನಿಂತಿರುತ್ತಿದ್ದರು. ಮೊಸರು ಮುಟ್ಟುತ್ತಿರಲಿಲ್ಲ, ಐಸ್‌ಕ್ರೀಮ್ ಮುಟ್ಟುತ್ತಿರಲಿಲ್ಲ, ಫ್ಯಾನಿನ ಕೆಳಗೆ ಕೂರುತ್ತಿರಲಿಲ್ಲ. ಯಾರಾದರೂ ಯಾಕೆಂದು ಕೇಳಿದರೆ ಗಂಟಲ ಮೇಲೆ ಎರಡು ಬೆರಳಿಟ್ಟು, "ಇದು ನಂದಲ್ಲ ಕಣಪ್ಪ, ಕರ್ನಾಟಕದ ಆಸ್ತಿ" ಅನ್ನುತ್ತಿದ್ದರು. ಈ ಮಾತಿನ ಮೊದಲರ್ಧ ನಿಜ. ಕರ್ನಾಟಕ ಮೆಚ್ಚಿದ ಆ ದನಿ ಅವರದಾಗಿರಲಿಲ್ಲ, ನನ್ನ ಅಪ್ಪನದಾಗಿತ್ತು.

ಅವರ ಬಗ್ಗೆ ಬರೆಯುವಾಗ 'ಅವರು' ಎಂದು ಬರೆಯುವುದಕ್ಕೇ ನನಗೆ ಇಷ್ಟವಿಲ್ಲ. 'ಅವನು' ಎಂದು ಬರೆದು ಎರಡು ಸಲ ಹೊಡೆದುಹಾಕಿದ್ದೇನೆ. ನನ್ನ ಅಪ್ಪ, ನಾವು ಅಬ್ಬಾ ಎಂದು ಕರೆಯುತ್ತಿದ್ದವರು, ಒಂದು ದಿನವೂ ಅವರನ್ನು ಏಕವಚನದಲ್ಲಿ ಕರೆದವರಲ್ಲ, ನಮಗೂ ಕರೆಯಲು ಬಿಟ್ಟವರಲ್ಲ. ಹಾಗಾಗಿ ಈ ಮರ್ಯಾದೆ ಅಬ್ಬಾಗೆ ಸಲ್ಲುವುದೇ ಹೊರತು ಮಹಾಲಿಂಗಯ್ಯನವರಿಗಲ್ಲ. ಸತ್ತವರ ಮೇಲೆ ಕೆಸರು ಎರಚುತ್ತಿದ್ದಾಳೆ ಎಂದು ಗುಬ್ಬಿಯಲ್ಲಿ ನಾಲ್ಕು ಜನ ಅನ್ನುತ್ತಾರೆ. ಅನ್ನಲಿ.

ಗುಬ್ಬಿಯಲ್ಲಿ ಆ ಕಾಲಕ್ಕೆ ಒಂದು ಸಣ್ಣ ನಾಟಕ ಕಂಪನಿ ಇತ್ತು. ಎಲ್ಲರೂ ಕೇಳಿರುವ ದೊಡ್ಡ ಕಂಪನಿಯಲ್ಲ, ಅದರ ಊರಿನವರು ಎಂಬ ಒಂದೇ ಹೆಮ್ಮೆಯ ಮೇಲೆ ಹುಟ್ಟಿ, ತುಮಕೂರು ಕುಣಿಗಲ್ಲುಗಳ ನಡುವೆ ಓಡಾಡಿಕೊಂಡಿದ್ದ ಕಂಪನಿ. ಮಹಾಲಿಂಗಯ್ಯ ಅದರ ದೊಡ್ಡ ನಟರು. ಅಬ್ಬಾ, ಅಂದರೆ ರಶೀದ್ ಸಾಬರು, ಅದರ ಪ್ರಾಂಪ್ಟರ್. ವಾರದ ದಿನಗಳಲ್ಲಿ ತುಮಕೂರಿನ ಸತ್ಯಮಂಗಲದ ಒಂದು ಊದುಬತ್ತಿ ಕಾರ್ಖಾನೆಯಲ್ಲಿ ಲೆಕ್ಕ ಬರೆಯುತ್ತಿದ್ದ ಅಬ್ಬಾ, ನಾಟಕ ಇದ್ದ ದಿನ ಸೈಡ್ ವಿಂಗಿನ ಮರೆಯಲ್ಲಿ ಒಂದು ಸ್ಟೂಲಿನ ಮೇಲೆ ಕೂತು ಕೈಬರಹದ ಪುಸ್ತಕ ಹಿಡಿದು ನಟರಿಗೆ ಮಾತು ಎತ್ತಿಕೊಡುತ್ತಿದ್ದರು. ರಂಗದ ಮಧ್ಯೆ ನಿಂತವರಿಗೆ ಕೇಳಬೇಕು, ಮೊದಲ ಸಾಲಿನಲ್ಲಿ ಕೂತವರಿಗೆ ಕೇಳಬಾರದು, ಅಷ್ಟು ಅಳತೆಯ ದನಿ ಅವರದು. ತಗ್ಗಿದ, ಸ್ವಲ್ಪ ಒರಟಾದ, ಬೆಚ್ಚಗಿನ ದನಿ.

ಮನೆಯಲ್ಲಿ ನಮ್ಮದು ಉರ್ದು ಮಾತು. ಅಬ್ಬಾ ಕನ್ನಡ ಮಾತಾಡುವುದು ಹೊರಗಿನವರ ಜೊತೆ ಮತ್ತು ಆ ಪುಸ್ತಕದ ಜೊತೆ ಮಾತ್ರ. ಶೆಟ್ಟಿಹಳ್ಳಿಯ ನಮ್ಮ ಬಾಡಿಗೆ ಮನೆಯ ಜಗುಲಿಯಲ್ಲಿ ಕೂತು ಅವರು ಒಂದೊಂದೇ ಪಾತ್ರದ ಮಾತನ್ನು ತಮ್ಮಷ್ಟಕ್ಕೆ ಓದಿಕೊಳ್ಳುತ್ತಿದ್ದರು. ನಾನು ಪಕ್ಕದಲ್ಲಿ ಸ್ಲೇಟು ಹಿಡಿದು ಕೂತಿರುತ್ತಿದ್ದೆ. ಮುಂದೆ ನಾನು ಹೈಸ್ಕೂಲಿನಲ್ಲಿ ಕನ್ನಡ ಮೇಡಂ ಆದಾಗ ಜನ ಆಶ್ಚರ್ಯಪಟ್ಟರು, ಸಾಬರ ಹುಡುಗಿಗೆ ಇಷ್ಟು ಒಳ್ಳೆಯ ಕನ್ನಡ ಎಲ್ಲಿಂದ ಬಂತು ಎಂದು. ಆ ಜಗುಲಿಯಿಂದ ಬಂತು.

ಇನ್ನು ಮಹಾಲಿಂಗಯ್ಯನವರ ಪ್ರತಿಭೆ. ಅದು ಇತ್ತು, ಇಲ್ಲವೆಂದರೆ ನಾನು ಸುಳ್ಳಿ. ಆರಡಿ ಎತ್ತರ, ಅಗಲವಾದ ಹಣೆ, ಟೆಂಟಿನ ಕೊನೆಯ ಬೆಂಚಿನವರ ಎದೆಯೊಳಗೆ ಹೋಗಿ ಬಡಿಯುವ ಗಂಟಲು. ಎಲ್ಲ ನಾಟಕಗಳ ಎಲ್ಲ ಮಾತೂ ಬಾಯಿಪಾಠ. ಆದರೆ ಒಂದು ಊನ ಇತ್ತು. ಜನರ ಮುಂದೆ ನಿಂತಾಗ ಯಾರಾದರೂ ಮೊದಲ ಪದ ಕೊಡದೆ, ಸಿದ್ಧ ಮಾಡಿಕೊಂಡ ಮಾತು ಅವರ ಬಾಯಿಂದ ಹೊರಡುತ್ತಿರಲಿಲ್ಲ. ವಿಂಗಿನಿಂದ 'ಅಯ್ಯಾ' ಎಂದು ಬಂದರೆ ಸಾಕು, ಒಂದೂವರೆ ಪುಟ ಒಂದೇ ಉಸಿರಿನಲ್ಲಿ ಹರಿಯುತ್ತಿತ್ತು. ಬಾರದಿದ್ದರೆ ಬಾಯಿ ಅರ್ಧ ತೆರೆದುಕೊಂಡು, ಕಣ್ಣು ಎಡಕ್ಕೆ ಹೊರಳಿಸಿ, ನಿಂತಲ್ಲೇ ನಿಂತುಬಿಡುತ್ತಿದ್ದರು. ಕಿಕ್ ಹೊಡೆಯದೆ ಸ್ಟಾರ್ಟ್ ಆಗದ ಸ್ಕೂಟರ್ ಎಂದು ಕಂಪನಿಯ ಹಾರ್ಮೋನಿಯಂ ಮೇಷ್ಟ್ರು ಹಿಂದಿನಿಂದ ಆಡಿಕೊಳ್ಳುತ್ತಿದ್ದರು. ಮಹಾಲಿಂಗಯ್ಯನವರಿಗೆ ಇದು ಊನ ಎಂದು ಅನ್ನಿಸಿಯೇ ಇರಲಿಲ್ಲ. "ಮೊದಲ್ನೇ ಮಾತು ಕೊಡೋದು ನಿನ್ ಕೆಲ್ಸ ರಶೀದಾ, ಮಿಕ್ಕಿದ್ದು ನಂಗ್ ಬುಡು" ಅನ್ನುತ್ತಿದ್ದರು, ದಾನ ಕೊಟ್ಟವರ ಧಾಟಿಯಲ್ಲಿ.

ಅವರ ಇನ್ನೊಂದು ಹುಚ್ಚು ಅಮೇರಿಕ. ತುಮಕೂರಿನ ಒಂದು ಟಾಕೀಸಿನಲ್ಲಿ ಭಾನುವಾರ ಬೆಳಗಿನ ಆಟಕ್ಕೆ ಹಾಕುತ್ತಿದ್ದ ಇಂಗ್ಲಿಷ್ ಸಿನಿಮಾದಲ್ಲಿ ಯಾವನೋ ಒಬ್ಬ ನಟನನ್ನು ನೋಡಿ ಮರುಳಾಗಿದ್ದರು. ಅವನ ಫೋಟೋ ಪತ್ರಿಕೆಯಿಂದ ಕತ್ತರಿಸಿ ಮೇಕಪ್ ಟ್ರಂಕಿನ ಮುಚ್ಚಳದ ಒಳಗೆ ಅಂಟಿಸಿದ್ದರು. ಹೆಸರು ಹೇಳಲು ಅವರ ನಾಲಿಗೆ ಹೊರಳುತ್ತಿರಲಿಲ್ಲ, ಹಾಗಾಗಿ ಅವನು ಬರೀ 'ಅಮೇರಿಕದವನು'. ಅವನೂ ಮೊದಲು ನಾಟಕದವನಂತೆ, ಆಮೇಲೆ ಸಿನಿಮಾಕ್ಕೆ ಹೋದವನಂತೆ. ಕಂಪನಿಯವರು ಊಟಕ್ಕೆ ಕೂತಾಗಲೆಲ್ಲ ಅವನ ಜೀವನಚರಿತ್ರೆ ಶುರುವಾಗುತ್ತಿತ್ತು. ಅಂಗಡಿಯವನ ಮಗ, ಹತ್ತು ವರ್ಷ ಈಟಿ ಹಿಡಿದು ಹಿಂದೆ ನಿಂತವನು, ಒಂದು ದಿನ ದೊಡ್ಡ ನಟನಿಗೆ ಜ್ವರ ಬಂದು ಇವನ ಅದೃಷ್ಟ ತೆರೆಯಿತು. ಪ್ರತಿ ಸಲ ಹೇಳುವಾಗಲೂ ಆ ಕಥೆ ಸ್ವಲ್ಪ ಸ್ವಲ್ಪ ಗುಬ್ಬಿಯ ಕಡೆಗೆ ಜರುಗುತ್ತ ಬಂತು. ಕೊನೆಕೊನೆಗೆ ಅಮೇರಿಕದವನ ತಾಯಿ ಒಲೆಯ ಮುಂದೆ ಕೂತು ಮುದ್ದೆ ತಿರುವುತ್ತಿದ್ದಳು, ಅವನ ಅಪ್ಪ ತೆಂಗಿನಕಾಯಿ ಮಂಡಿಗೆ ಹೋಗುತ್ತಿದ್ದ. ಯಾರೂ ನಗುತ್ತಿರಲಿಲ್ಲ. ಕಡೆಗೆ ಒಂದು ನಿಟ್ಟುಸಿರು ಬಿಟ್ಟು, "ನಾಟಕದೋನು ಸಿನಿಮಾಕ್ಕೆ ಬಂದ್ರೆ ಅಮೇರಿಕದಲ್ಲಿ ಎದ್ದು ನಿಂತ್ಕೋತಾರೆ ಕಣಯ್ಯ. ಇಲ್ಲಿ ಕಾಫಿ ಕುಡುದ್ಯಾ ಅಂತಾನೂ ಕೇಳಲ್ಲ" ಎಂದು ಕೈ ತೊಳೆಯಲು ಏಳುತ್ತಿದ್ದರು.

ನಾನು ಅವರನ್ನು ದ್ವೇಷಿಸಲು ಶುರು ಮಾಡಿದ ದಿನ ನನಗೆ ಚೆನ್ನಾಗಿ ನೆನಪಿದೆ. ತೊಂಬತ್ತರ ದಶಕದ ಮೊದಲ ವರ್ಷಗಳು, ನನಗೆ ಹನ್ನೆರಡು ವರ್ಷವಿರಬೇಕು. ಕಂಪನಿ ಕುಣಿಗಲ್ಲಿನಲ್ಲಿ ಕ್ಯಾಂಪ್ ಹಾಕಿತ್ತು. ಭಾನುವಾರದ ಮಧ್ಯಾಹ್ನದ ಆಟಕ್ಕೆ ಅಬ್ಬಾ ನನ್ನನ್ನೂ ಅಮ್ಮಿಯನ್ನೂ ಕರೆದುಕೊಂಡು ಹೋಗಿದ್ದರು. ಅಮ್ಮಿ ಹೆಂಗಸರ ಬೆಂಚಿನಲ್ಲಿ ಕೂತಳು. ನಾನು ಅಬ್ಬಾರ ಸ್ಟೂಲಿನ ಹಿಂದೆ ನಿಂತೆ. ಕಂಪನಿಯ ನಾಟಕದ ಪುಸ್ತಕಗಳಿಗೆಲ್ಲ ಒಂದೇ ಥರದ ಕೆಂಪು ಬಟ್ಟೆಯ ರಟ್ಟು. ಅವತ್ತು ಅಬ್ಬಾಗೆ ಜ್ವರ. ಮೂರನೇ ಅಂಕಕ್ಕೆ ಕೈಗೆತ್ತಿಕೊಂಡ ಪುಸ್ತಕ ಬೇರೆ ನಾಟಕದ್ದಾಗಿತ್ತು.

ರಂಗದ ಮೇಲೆ ಮಹಾಲಿಂಗಯ್ಯನವರ ತೊಡೆಯ ಮೇಲೆ ಮಗನ ಹೆಣ. ಮಹಾಲಿಂಗಯ್ಯ ಎಡಕ್ಕೆ ಕಣ್ಣು ಹೊರಳಿಸಿದರು. ಅಬ್ಬಾ ಪುಟ ತಿರುವಿ 'ಬೀಗರೇ' ಎಂದರು. ಮಹಾಲಿಂಗಯ್ಯನವರು ಒಂದು ಕ್ಷಣವೂ ಯೋಚಿಸಲಿಲ್ಲ. ಮಗನ ಹೆಣ ತೊಡೆಯ ಮೇಲಿಟ್ಟುಕೊಂಡು, ಕಣ್ಣೀರು ಸುರಿಸುತ್ತ, ಇನ್ನೊಂದು ನಾಟಕದ ಮದುವೆ ಮಾತುಕತೆಯ ಒಂದೂವರೆ ಪುಟವನ್ನು ಹೇಳಿ ಮುಗಿಸಿದರು. ಬೀಗರೇ, ನಿಮ್ಮ ಮನೆಯ ಅನ್ನ ತಿನ್ನುವ ಭಾಗ್ಯ ನನ್ನ ಮಗನಿಗೆ ಇರಲಿ ಎಂದರು. ಹೆಣವಾಗಿ ಮಲಗಿದ್ದವನ ಹೊಟ್ಟೆ ನಗು ತಡೆಯಲಾರದೆ ಕುಣಿಯುತ್ತಿತ್ತು. ಆದರೆ ಜನ ಅತ್ತರು. ಮಗನ ಸಾವಿನಿಂದ ಅಪ್ಪನಿಗೆ ತಲೆ ಕೆಟ್ಟಿದೆ, ಆಗಬೇಕಾಗಿದ್ದ ಮದುವೆಯನ್ನು ನೆನೆದು ಮಾತಾಡುತ್ತಿದ್ದಾನೆ ಎಂದು ಅವರಿಗೆ ಅರ್ಥವಾಗಿತ್ತು. ಹೆಂಗಸರ ಬೆಂಚಿನಿಂದ ಬಿಕ್ಕಳಿಕೆ, ಗಂಡಸರ ಕಡೆಯಿಂದ ಒನ್ಸ್ ಮೋರ್.

ಪರದೆ ಬಿದ್ದ ಮೇಲೆ ಅವರು ಗ್ರೀನ್ ರೂಮಿಗೆ ಬಂದು ಎಲ್ಲರ ಎದುರಿಗೆ ಅಬ್ಬಾರ ಕೆನ್ನೆಗೆ ಹೊಡೆದರು. ಎಲ್ಲರ ಎದುರಿಗೆ ಅಂದರೆ ಹಾರ್ಮೋನಿಯಂ ಮೇಷ್ಟ್ರು, ನಟಿಯರಿಬ್ಬರು, ಎದ್ದು ಬಂದ ಹೆಣ, ಮತ್ತು ನಾನು. ಅಬ್ಬಾ ಜ್ವರದಲ್ಲಿ ನಡುಗುತ್ತ "ತಪ್ಪು ನಂದೇ ಯಜಮಾನ್ರೇ" ಎಂದರು. ಹೊರಗೆ ಇನ್ನೂ ಚಪ್ಪಾಳೆ ಕೇಳುತ್ತಿತ್ತು. ಮುಂದಿನ ವಾರದಿಂದ ಮಹಾಲಿಂಗಯ್ಯ ಆ ದೃಶ್ಯವನ್ನು ಹಾಗೆಯೇ ಆಡತೊಡಗಿದರು, ಬೀಗರ ಮಾತನ್ನು ಸೇರಿಸಿಕೊಂಡೇ. ಅದು ಅವರ ಸ್ವಂತ ಕಲ್ಪನೆ ಎಂದು ಪೇಪರಿನವರಿಗೆ ಹೇಳಿದರು. ಅಬ್ಬಾ ಪುಸ್ತಕದ ಅಂಚಿನಲ್ಲಿ 'ಬೀಗರೇ' ಎಂದು ಬರೆದುಕೊಂಡು ಪ್ರತಿ ಆಟದಲ್ಲೂ ಆ ಮೊದಲ ಪದವನ್ನು ತಪ್ಪದೆ ಕೊಟ್ಟರು.

ಏಟು ಬಿದ್ದ ದಿನ ಮನೆಗೆ ಬರುವ ದಾರಿಯಲ್ಲಿ ನಾನು ಕೇಳಿದೆ, ನೀವು ಯಾಕೆ ಸುಮ್ಮನಿದ್ದಿರಿ ಎಂದು. ಪ್ರಾಂಪ್ಟರ್ ದನಿ ಜನಕ್ಕೆ ಕೇಳಿಸಿದರೆ ಅದು ಪ್ರಾಂಪ್ಟರ್ ತಪ್ಪು ಮಗಳೇ ಎಂದರು. ಕೇಳಿದ್ದು ಏಟಿನ ಬಗ್ಗೆ, ಹೇಳಿದ್ದು ಕೆಲಸದ ಬಗ್ಗೆ. ಅಬ್ಬಾರ ಜೊತೆ ಜಗಳವಾಡುವುದು ಯಾವಾಗಲೂ ಇಷ್ಟೇ ಕಷ್ಟವಾಗಿತ್ತು.

ಕೆಲವು ವರ್ಷಗಳ ನಂತರ ಮಹಾಲಿಂಗಯ್ಯನವರಿಗೆ ಸಿನಿಮಾದಲ್ಲಿ ಪಾತ್ರ ಸಿಕ್ಕಿತು. ಅದಕ್ಕೂ ಮುಂಚೆ ಮೂರ್ನಾಲ್ಕು ಸಿನಿಮಾಗಳಲ್ಲಿ ಇನ್ಸ್‌ಪೆಕ್ಟರ್ ಆಗಿ, ಪೂಜಾರಿಯಾಗಿ ಬಂದು ಹೋಗಿದ್ದರು. ಇದು ದೊಡ್ಡದು. ನಿವೃತ್ತ ಪೋಸ್ಟ್‌ಮ್ಯಾನ್, ಒಬ್ಬಳೇ ಮಗಳು, ಕೊನೆಯಲ್ಲಿ ಅವಳನ್ನು ಗಂಡನ ಮನೆಗೆ ಕಳಿಸಿಕೊಡುವ ದೃಶ್ಯ. ಶೂಟಿಂಗ್ ಮುಗಿಯಿತು. ಮುಖ, ನಡಿಗೆ, ಅಳು ಎಲ್ಲ ಚೆನ್ನಾಗಿಯೇ ಬಂದಿತ್ತಂತೆ. ತೊಡಕು ಬಂದದ್ದು ಬೆಂಗಳೂರಿನ ಸ್ಟುಡಿಯೋದಲ್ಲಿ, ಚಿತ್ರ ನೋಡಿಕೊಂಡು ತುಟಿಗೆ ಸರಿಯಾಗಿ ಮಾತು ಕೂರಿಸುವ ಡಬ್ಬಿಂಗ್ ದಿನ. ಮೊದಲ ಪದ ಕೊಡಲು ಅಬ್ಬಾರನ್ನೂ ಕರೆದುಕೊಂಡು ಹೋಗಿದ್ದರು.

ಅಲ್ಲಿ ನಡೆದದ್ದನ್ನು ಅಬ್ಬಾ ನಮಗೆ ಬಹಳ ತಡವಾಗಿ, ತುಂಡು ತುಂಡಾಗಿ ಹೇಳಿದರು. ಮಹಾಲಿಂಗಯ್ಯ ಮೈಕಿನ ಮುಂದೆ ನಿಂತು ಕೊನೆಯ ಬೆಂಚಿಗೆ ಕೇಳುವಂತೆ ಕೂಗಿದರು. ಮೈಕ್ ಒಂದಡಿ ದೂರದಲ್ಲಿದೆ, ಗುಬ್ಬಿಯಲ್ಲಿಲ್ಲ ಎಂದು ಡೈರೆಕ್ಟರು ಹೇಳಿದರು. ತಗ್ಗಿಸಿದರೆ ದನಿಯಲ್ಲಿ ಜೀವವೇ ಇರಲಿಲ್ಲ, ಪೋಸ್ಟ್‌ಮ್ಯಾನ್ ಅರ್ಜಿ ಓದಿದ ಹಾಗೆ ಕೇಳುತ್ತಿತ್ತು. ಬೆಳಗಿನಿಂದ ಮಧ್ಯಾಹ್ನದವರೆಗೆ ಇದೇ ಆಯಿತು. ಆಗ ಗಾಜಿನ ಆ ಕಡೆ ಹೆಡ್‌ಫೋನ್ ಹಾಕಿಕೊಂಡು ಕೂತಿದ್ದ ಸೌಂಡ್ ಇಂಜಿನಿಯರು, ಪ್ರತಿ ಸಲ ಮೊದಲ ಪದ ಒಂದು ಬೇರೆ ದನಿಯಲ್ಲಿ ಬರುತ್ತಿದೆಯಲ್ಲ, ಅದು ಯಾರದು ಎಂದು ಕೇಳಿದರು. ಅಬ್ಬಾ ಹೆದರಿ ಕ್ಷಮೆ ಕೇಳಿದರಂತೆ, ಮೈಕಿಗೆ ಕೇಳಿಸಿಬಿಟ್ಟಿತಲ್ಲ ಎಂದು. ಇಂಜಿನಿಯರು, ಅವರನ್ನೇ ಪೂರ್ತಿ ಹೇಳಲು ಬಿಡಿ ಎಂದರು. ಸಂಜೆ ಐದರೊಳಗೆ ಇಡೀ ಪಾತ್ರ ಮುಗಿಯಿತು.

ಬಸ್ಸಿನಲ್ಲಿ ವಾಪಸ್ ಬರುವಾಗ ಮಹಾಲಿಂಗಯ್ಯ ನೆಲಮಂಗಲದವರೆಗೆ ಕಿಟಕಿಯ ಹೊರಗೆ ನೋಡುತ್ತ ಕೂತಿದ್ದರು. ಆಮೇಲೆ ಅಬ್ಬಾರ ಕೈ ಹಿಡಿದುಕೊಂಡು, "ಇದು ನಮ್ಮಿಬ್ರಲ್ಲೇ ಇರ್ಲಿ ರಶೀದಾ" ಎಂದರು. ಅಬ್ಬಾ ಆಗಲಿ ಎಂದರು. ಆ ಕಾಲದ ಸಿನಿಮಾಗಳಲ್ಲಿ ದನಿ ಕೊಟ್ಟವರ ಹೆಸರು ಪರದೆಯ ಮೇಲೆ ಬರುವ ರೂಢಿ ಅಷ್ಟಾಗಿ ಇರಲಿಲ್ಲ. ಬರಲೂ ಇಲ್ಲ.

ಸಿನಿಮಾ ತುಮಕೂರಿಗೆ ಬಂದಾಗ ಮ್ಯಾಟಿನಿಗೆ ನಾವು ಮೂವರೂ ಹೋದೆವು. ನನಗೂ ಅಮ್ಮಿಗೂ ಏನೂ ಗೊತ್ತಿರಲಿಲ್ಲ. ಮಹಾಲಿಂಗಯ್ಯನವರು ಪೋಸ್ಟ್‌ಮ್ಯಾನ್ ಚೀಲ ಹಾಕಿಕೊಂಡು ಪರದೆಯ ಮೇಲೆ ಬಂದು ಬಾಯಿ ತೆರೆದರು. ಬುರ್ಖಾದೊಳಗಿಂದ ಅಮ್ಮಿಯ ಕೈ ಬಂದು ನನ್ನ ಮಣಿಕಟ್ಟನ್ನು ಹಿಡಿಯಿತು. ಅವಳು ಒಮ್ಮೆ ಪರದೆ ನೋಡುತ್ತಿದ್ದಳು, ಒಮ್ಮೆ ಪಕ್ಕದ ಸೀಟಿನಲ್ಲಿ ಬಾಯಿ ಮುಚ್ಚಿಕೊಂಡು ಕೂತಿದ್ದ ಗಂಡನನ್ನು ನೋಡುತ್ತಿದ್ದಳು. ಕೊನೆಯ ದೃಶ್ಯ ಬಂತು. ಕಾರು ಹತ್ತಿದ ಮಗಳಿಗೆ ಕಿಟಕಿಯಲ್ಲಿ ಬಾಗಿ ಪೋಸ್ಟ್‌ಮ್ಯಾನ್ ಹೇಳುತ್ತಾನೆ, "ನಾನು ಹೋಗು ಅನ್ನಲ್ಲ ಕಣವ್ವ. ಹೋಗಿ ಬಾ ಅಂತಾನೂ ಅನ್ನಲ್ಲ. ಬರೀ ಬಾ ಅಂತೀನಿ." ಇಡೀ ಟಾಕೀಸು ಮೂಗು ಒರೆಸಿಕೊಳ್ಳುತ್ತಿತ್ತು. ಅಬ್ಬಾ ಕುತೂಹಲದಿಂದ ಜನರನ್ನು ನೋಡುತ್ತಿದ್ದರು. ಅವರ ದನಿ ಅಷ್ಟು ದೂರ ಹೋದದ್ದು ಅದೇ ಮೊದಲು.

ಆ ಒಂದು ಮಾತು ಮಹಾಲಿಂಗಯ್ಯನವರನ್ನು ಹತ್ತು ವರ್ಷ ಸಾಕಿತು. ಮದುವೆ ಮನೆಗಳಲ್ಲಿ ಕ್ಯಾಸೆಟ್ ಹಾಕಿದರು, ಆಟೋದ ಹಿಂದೆ ಬರೆಸಿದರು, ಹೆಣ್ಣು ಹೆತ್ತವರು ಅವರ ಕಾಲು ಮುಟ್ಟಿದರು. ಮಫ್ಲರ್ ಬಂದದ್ದು ಆಗಲೇ. ಅದಕ್ಕೂ ಮುಂಚೆ ಅವರು ಗಡಿಗೆ ಮೊಸರು ತಿನ್ನುತ್ತಿದ್ದುದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ತೊಂಬತ್ತರ ದಶಕ ಮುಗಿಯುವ ಹೊತ್ತಿಗೆ ಅಬ್ಬಾರ ಗಂಟಲಲ್ಲಿ ಗಡ್ಡೆಯಾಯಿತು. ಬೆಂಗಳೂರಿನಲ್ಲಿ ಆಪರೇಷನ್ ಮಾಡಿ ಧ್ವನಿಪೆಟ್ಟಿಗೆಯನ್ನು ಪೂರ್ತಿ ತೆಗೆದರು. ಕುತ್ತಿಗೆಯ ಮುಂದೆ ಉಸಿರಾಡಲು ಒಂದು ತೂತು ಉಳಿಯಿತು, ಅದರ ಮೇಲೆ ಬಿಳಿ ಬಟ್ಟೆ. ಮಹಾಲಿಂಗಯ್ಯ ಒಂದು ಸಲ ಬಂದು ನೋಡಿಕೊಂಡು ಹೋದರು. ಬಾಗಿಲಲ್ಲಿ ನಿಂತು ತಮ್ಮ ಗಂಟಲನ್ನು ತಾವೇ ಸವರಿಕೊಂಡರು. ಆಮೇಲೆ ಬರಲಿಲ್ಲ.

ಮರುವರ್ಷ ನನ್ನ ಮದುವೆಯಾಯಿತು. ಗಂಡ ಅಂತರಸನಹಳ್ಳಿಯ ಕಾರ್ಖಾನೆಯಲ್ಲಿ ಫಿಟ್ಟರ್. ಅವರ ಮನೆ ನಮ್ಮ ಮನೆಯಿಂದ ಎರಡು ಮೈಲಿಯೂ ಇಲ್ಲ. ಆದರೂ ಕಳಿಸಿಕೊಡುವುದು ಕಳಿಸಿಕೊಡುವುದೇ. ಅಬ್ಬಾ ವ್ಯಾನಿನ ಕಿಟಕಿಗೆ ಬಂದು ನನ್ನ ತಲೆಯ ಮೇಲೆ ಕೈಯಿಟ್ಟರು. ತುಟಿ ಅಲುಗಿತು, ಬಟ್ಟೆಯ ಹಿಂದೆ ಗಾಳಿ ಸುಯ್ ಎಂದಿತು, ಅಷ್ಟೇ. ಅದೇ ಹೊತ್ತಿಗೆ ಛತ್ರದ ಸ್ಪೀಕರಿನಲ್ಲಿ ಯಾರೋ ಆ ಸಿನಿಮಾದ ಕ್ಯಾಸೆಟ್ ಹಾಕಿದರು. ನನ್ನ ಅಪ್ಪ ಎಲ್ಲೋ ಮೇಲಿನಿಂದ ಇನ್ನೊಬ್ಬರ ಮಗಳಿಗೆ ಬಾ ಅನ್ನುತ್ತಿದ್ದರು, ನನ್ನ ಕಿಟಕಿಯಲ್ಲಿ ಮೂಕರಾಗಿ ನಿಂತಿದ್ದರು. ಎಂಥ ಒಳ್ಳೆಯ ದನಿ ಮಹಾಲಿಂಗಯ್ಯನವರದು ಎಂದು ನನ್ನ ಅತ್ತೆ ಕಣ್ಣೊರೆಸಿಕೊಂಡರು. ಅವತ್ತೇ ನಾನು ತೀರ್ಮಾನ ಮಾಡಿದೆ. ಆ ದನಿ ಯಾರದು ಎಂದು ಆ ಮನುಷ್ಯ ತಮ್ಮ ಬಾಯಲ್ಲೇ, ನಾಲ್ಕು ಜನರ ಮುಂದೆ ಹೇಳಬೇಕು. ನಾನು ಹೇಳಿದರೆ ಮಗಳ ಮೋಹ ಎನ್ನುತ್ತಾರೆ. ಅವರು ಹೇಳಿದರೆ ಮಾತ್ರ ಅದು ನಿಜವಾಗುತ್ತದೆ. ನನಗೆ ಬೇರೇನೂ ಬೇಕಿರಲಿಲ್ಲ.

ಅವಕಾಶ ಬಂತು. ತುಮಕೂರಿನಲ್ಲಿ ಅವರಿಗೆ ಸನ್ಮಾನ, 'ರಂಗಕಂಠೀರವ' ಎಂಬ ಬಿರುದು. ನಮಗೆ ಕರೆಯೋಲೆ ಇರಲಿಲ್ಲ, ಗೋಡೆಯ ಪೋಸ್ಟರ್ ನೋಡಿ ಅಬ್ಬಾ ಹೋಗಲೇಬೇಕು ಎಂದು ಸನ್ನೆ ಮಾಡಿ ಹಟ ಹಿಡಿದರು. ಅಮ್ಮಿಯೂ ಸೇರಿ ಮೂವರೂ ಮೂರನೇ ಸಾಲಿನಲ್ಲಿ ಕೂತೆವು. ಶಾಲು, ಹಾರ, ಹಣ್ಣಿನ ಬುಟ್ಟಿ ಎಲ್ಲ ಆದ ಮೇಲೆ ಸಭೆಯವರು ಆ ಡೈಲಾಗ್ ಹೇಳಲೇಬೇಕು ಎಂದು ಗಲಾಟೆ ಎಬ್ಬಿಸಿದರು. ಮಹಾಲಿಂಗಯ್ಯ ಮೈಕಿನ ಮುಂದೆ ಬಂದರು. ಬಾಯಿ ಅರ್ಧ ತೆರೆಯಿತು. ಕಣ್ಣು ಎಡಕ್ಕೆ ಹೊರಳಿತು. ಅಲ್ಲಿ ವಿಂಗ್ ಇರಲಿಲ್ಲ, ಸನ್ಮಾನ ಸಮಿತಿಯ ಬ್ಯಾನರ್ ಇತ್ತು. ಆ ಕಣ್ಣು ಅಲ್ಲಿಂದ ಜಾರಿ ಸಭೆಯೊಳಗೆ ಅಲೆದು ಮೂರನೇ ಸಾಲಿಗೆ ಬಂದು ನಿಂತಿತು. ನಾನು ಪಕ್ಕಕ್ಕೆ ತಿರುಗಿ ನೋಡಿದೆ. ಅಬ್ಬಾ ಮುಂದಕ್ಕೆ ಬಾಗಿ, ತುಟಿಯನ್ನು ದೊಡ್ಡದಾಗಿ ಆಡಿಸಿ, ದನಿಯಿಲ್ಲದೆ 'ನಾನು' ಎಂದರು.

ಮಹಾಲಿಂಗಯ್ಯ ಹಿಡಿದುಕೊಂಡರು. ಹೇಳಿ ಮುಗಿಸಿದರು. ಸ್ಪೀಕರ್ ಒಡೆಯುವ ಹಾಗೆ, ಟೆಂಟಿನ ಗಂಟಲಿನಲ್ಲಿ. ಸಭೆ ತಬ್ಬಿಬ್ಬಾಯಿತು. ನಮ್ಮ ಹಿಂದೆ ಕೂತವರು, ವಯಸ್ಸಾಯ್ತು ಪಾಪ, ದನಿ ಹೋಗ್ಬಿಟ್ಟಿದೆ ಎಂದರು. ವೇದಿಕೆಯ ಮೇಲೂ ಅದು ಗೊತ್ತಾಗಿರಬೇಕು. ಮಹಾಲಿಂಗಯ್ಯ ಮಫ್ಲರ್ ಮೇಲೆ ಕೈಯಿಟ್ಟು, ಕ್ಷಮಿಸಬೇಕು, ಇವತ್ತು ಗಂಟಲು ಕೈ ಕೊಟ್ಟಿದೆ ಎಂದು ಮೈಕಿನಲ್ಲಿ ಹೇಳಿದರು. ಗಂಟಲೇ ಇಲ್ಲದ ಅಬ್ಬಾ ನನ್ನ ಪಕ್ಕದಲ್ಲಿ ಕೂತು ಚಪ್ಪಾಳೆ ತಟ್ಟುತ್ತಿದ್ದರು.

ಕಾರ್ಯಕ್ರಮ ಮುಗಿದ ಮೇಲೆ ನಾನೊಬ್ಬಳೇ ವೇದಿಕೆಯ ಹಿಂದೆ ಹೋದೆ. ಈಗಲಾದರೂ ಹೇಳಬಹುದಿತ್ತಲ್ಲ ಎಂದೆ. "ಗುಟ್ಟಾಗಿರ್ಲಿ ಅಂದಿದ್ಕೆ ನಿಮ್ಮಪ್ಪನೇ ಆಗ್ಲಿ ಅಂದವ್ನೆ. ನಿಂಗ್ಯಾಕಮ್ಮ ಉರಿ?" ಎಂದರು. ನಿಮ್ಮ ಅಮೇರಿಕದವನು ತನ್ನ ಗಂಟಲಿನಲ್ಲೇ ಮಾತಾಡುತ್ತಿದ್ದ ಎಂದೆ. ಅವರ ಮುಖ ಕಪ್ಪಿಟ್ಟಿತು. ಹಾರಗಳನ್ನು ಯಾರದೋ ಕೈಗೆ ಕೊಟ್ಟು, "ಅದೊಂದ್ ಮಾತು ಬಿಟ್ರೆ ಜನಕ್ಕೆ ನನ್ದು ಇನ್ನೇನು ಗೊತ್ತು ಹೇಳು. ಅದ್ನೂ ಕೊಟ್ಬುಟ್ರೆ ನಾನು ಮನೆಗೆ ಏನ್ ತಗೊಂಡ್ ಹೋಗ್ಲಿ" ಎಂದರು. ಮರುಕ ಹುಟ್ಟಬೇಕಾದ ಮಾತು. ನನಗೆ ಹುಟ್ಟಲಿಲ್ಲ. ಆಮೇಲೆ ನಾವು ಎರಡು ಮೂರು ವರ್ಷ ಎದುರುಬದುರಾಗಲಿಲ್ಲ.

ಅಬ್ಬಾ ತೀರಿಕೊಂಡಾಗ ಮಹಾಲಿಂಗಯ್ಯ ಮಣ್ಣಿಗೆ ಬರಲಿಲ್ಲ. ನಲವತ್ತನೇ ದಿನದ ಫಾತಿಹಾ ಪ್ರಾರ್ಥನೆಗೆ ಬಂದರು. ಮಧ್ಯಾಹ್ನ, ನಮ್ಮ ನಡುಮನೆಯಲ್ಲಿ ಬಂಧುಗಳು, ಬೀದಿಯವರು, ಕಂಪನಿಯ ಹಳಬರು ಐದಾರು ಜನ, ಎಲ್ಲ ಸೇರಿ ಇಪ್ಪತ್ತು ಮಂದಿ ಊಟಕ್ಕೆ ಕೂತಿದ್ದರು. ಬಾಗಿಲಲ್ಲಿ ನೋಡಿದರೆ ಇವರು, ಕೈಯಲ್ಲಿ ಒಂದು ಚಿಪ್ಪು ಬಾಳೆಹಣ್ಣು. ಬಹಳ ಇಳಿದುಹೋಗಿದ್ದರು. ನಾನು ದಾರಿ ಬಿಡಲಿಲ್ಲ. ಒಳಗೆ ಜನ ಇದ್ದಾರೆ, ಅವರ ಮುಂದೆ ಹೇಳುವುದಾದರೆ ಬನ್ನಿ, ಇಲ್ಲವಾದರೆ ಬಾಳೆಹಣ್ಣು ಇಲ್ಲೇ ಇಟ್ಟು ಹೋಗಿ ಎಂದೆ. ಅಮ್ಮಿ ಒಳಗಿನಿಂದ ನನ್ನ ಹೆಸರು ಹಿಡಿದು ಗದರಿದಳು.

"ಹೇಳಕ್ಕೇ ಬಂದಿದೀನಿ ಕಣವ್ವ" ಎಂದರು ಮಹಾಲಿಂಗಯ್ಯ.

ಒಳಗೆ ಬಂದು ನಡುಮನೆಯ ಮಧ್ಯೆ ನಿಂತರು. ನಾನು ಅಡುಗೆಮನೆಯ ಪರದೆಯ ಪಕ್ಕ, ಅವರ ಎಡಕ್ಕೆ, ನಿಂತೆ. ಅವರು ಕೈ ಮುಗಿದರು. ಕಂಪನಿಯ ಹಳಬರು ಊಟ ನಿಲ್ಲಿಸಿ ತಲೆ ಎತ್ತಿದರು. ಮಹಾಲಿಂಗಯ್ಯನವರ ಬಾಯಿ ಅರ್ಧ ತೆರೆಯಿತು. ಕಣ್ಣು ಎಡಕ್ಕೆ ಬಂತು.

ನಾಟಕ ಆಡುತ್ತಿದ್ದಾರೆ ಎಂದು ಒಂದು ಕ್ಷಣ ಅನ್ನಿಸಿತು. ಅಲ್ಲ. ಅವರ ಹಣೆಯ ಮೇಲೆ ಬೆವರೊಡೆದಿತ್ತು, ಕೆಳತುಟಿ ಅದುರುತ್ತಿತ್ತು. ಮಾತು ಒಳಗಿದೆ, ಹೊರಡುತ್ತಿಲ್ಲ. ನನಗೆ ಗೊತ್ತಿತ್ತು ಏನು ಬೇಕೆಂದು. 'ಆ ದನಿ' ಎಂದರೆ ಸಾಕಿತ್ತು. ಎರಡು ಪದ, ಮೂರಡಿ ದೂರ. ಮಿಕ್ಕದ್ದನ್ನು ಅವರು ಹೇಳುತ್ತಿದ್ದರು, ಒಂದೇ ಉಸಿರಿನಲ್ಲಿ, ಬೀದಿಯ ಕೊನೆಗೆ ಕೇಳುವ ಹಾಗೆ. ಆ ಪದ ನನ್ನ ನಾಲಿಗೆಯ ಮೇಲೆ ಬಂದು ಕೂತಿತ್ತು.

ನಾನು ಕೊಡಲಿಲ್ಲ. ಜೀವಮಾನದಲ್ಲಿ ಒಂದು ಸಲವಾದರೂ, ಒಂದೇ ಒಂದು ವಾಕ್ಯವನ್ನು, ಈ ಮನುಷ್ಯ ಯಾರ ಸಹಾಯವೂ ಇಲ್ಲದೆ ಶುರು ಮಾಡಲಿ ಎಂದು ಹಲ್ಲು ಕಚ್ಚಿಕೊಂಡು ನಿಂತೆ. ಅವರು ನನ್ನನ್ನೇ ನೋಡುತ್ತಿದ್ದರು. ಇಪ್ಪತ್ತು ಜನ ಅವರನ್ನು ನೋಡುತ್ತಿದ್ದರು. ಕೊನೆಗೆ ಹಾರ್ಮೋನಿಯಂ ಮೇಷ್ಟ್ರು ಎದ್ದು, ದುಃಖಕ್ಕೆ ಮಾತು ಬರ್ತಿಲ್ಲ ಪಾಪ, ಕೂತ್ಕೊಳ್ಳಿ ಎಂದು ತೋಳು ಹಿಡಿದು ಕೂರಿಸಿದರು. ಯಾರೋ ನೀರು ಕೊಟ್ಟರು. ಎರಡು ತುತ್ತು ಅನ್ನ ತಿಂದರು. ಹೋಗುವಾಗ ನನ್ನ ಕಡೆ ತಿರುಗಲಿಲ್ಲ. ದುಃಖವೆಂದರೆ ಹೀಗಿರಬೇಕು, ಎಷ್ಟು ಗೆಳೆತನ ನೋಡಿ ಇಬ್ಬರದು ಎಂದು ಬೀದಿಯವರು ಮಾತಾಡಿಕೊಂಡರು.

ಮೂರು ತಿಂಗಳ ನಂತರ ಅವರು ಗುಬ್ಬಿಯಲ್ಲಿ ತೀರಿಕೊಂಡರು. ನಾನು ಹೋಗಲಿಲ್ಲ. ಸಂಜೆ ಟಿವಿಯಲ್ಲಿ ಶ್ರದ್ಧಾಂಜಲಿ ಎಂದು ಆ ಸಿನಿಮಾ ಹಾಕಿದರು. ಅಮ್ಮಿ ಚಾಪೆ ತಂದು ಟಿವಿಗೆ ತೀರ ಹತ್ತಿರ ಹಾಸಿಕೊಂಡು ಕೂತಳು. ನಾನೂ ಪಕ್ಕದಲ್ಲಿ ಕೂತೆ. ಅಬ್ಬಾರ ದನಿ ಲೋಕದಲ್ಲಿ ಉಳಿದಿರುವುದು ಆ ಒಂದು ಜಾಗದಲ್ಲಿ ಮಾತ್ರ. ಅದನ್ನು ಕೇಳಬೇಕಾದರೆ ನಾನು ಆ ಮುಖವನ್ನು ನೋಡಲೇಬೇಕು. ಕಣ್ಣು ಮುಚ್ಚಿ ಪ್ರಯತ್ನಿಸಿದ್ದೇನೆ. ಆಗಲೂ ಬರುವುದು ಅದೇ ಮುಖ. ಕೆಳಗಡೆ ಓಡುತ್ತಿದ್ದ ಅಕ್ಷರಗಳಲ್ಲಿ ಕಂಚಿನ ಕಂಠ ಇನ್ನಿಲ್ಲ ಎಂದು ಬರುತ್ತಿತ್ತು.

ಸಿನಿಮಾ ಮುಗಿದ ಮೇಲೆ ಅಮ್ಮಿ ಟಿವಿ ಆರಿಸಿದಳು. ನಲವತ್ತನೇ ದಿನದ ಬಗ್ಗೆ ಅಲ್ಲಿಯವರೆಗೆ ಅವಳು ಒಂದು ಮಾತೂ ಎತ್ತಿರಲಿಲ್ಲ. ಚಾಪೆ ಸುತ್ತುತ್ತ, ನನ್ನ ಕಡೆ ನೋಡದೆ, ನಮ್ಮ ಮನೆಮಾತಿನಲ್ಲಿ ಮೆಲ್ಲಗೆ ಹೇಳಿದಳು.

"ನಿಮ್ಮ ಅಬ್ಬಾ ದನಿ ಹೋದ ಮೇಲೂ ಅವರಿಗೆ ಮೊದಲ ಮಾತು ಕೊಟ್ಟರು. ನಿನಗೆ ದನಿ ಇತ್ತಲ್ಲ ಮಗಳೇ."